ದಿನಕ್ಕೆ ಹದಿನಾರೇ ಗಂಟೆ? ಭೂಮಿಯ ಮಿಡಿತ, ಮಿದುಳಿನ ಅಲೆ ಮತ್ತು ಓಡುವ ಹೊತ್ತು

"ಕಾಲಕ್ಕೇ ವೇಗ ಬಂದಿದೆಯಂತೆ ಕಣೇ. ನಾವು ಸೋಮಾರಿಗಳಾಗಿದ್ದಲ್ಲ."

ಗೆಳತಿಯೊಬ್ಬಳು ಕಳಿಸಿದ ಧ್ವನಿಸಂದೇಶ ಶುರುವಾದದ್ದು ಹೀಗೆ. ಕೆಲಸ, ಪುಟ್ಟ ಮಗು, ಕಾಯಿಲೆ ಬಿದ್ದ ತಾಯಿ ಮೂರನ್ನೂ ಒಬ್ಬಳೇ ನೋಡಿಕೊಳ್ಳುವವಳು ಅವಳು. ಬೆಳಗಾದದ್ದೇ ತಡ ರಾತ್ರಿಯಾಗಿರುತ್ತದೆ ಎಂದು ಬಹಳ ದಿನದಿಂದ ಹೇಳುತ್ತಿದ್ದಳು. ಅವತ್ತು ಅವಳ ದನಿಯಲ್ಲಿ ಒಂದು ನಿರಾಳವಿತ್ತು. ಜೊತೆಗೆ ಬಂದಿದ್ದ ವಿಡಿಯೋದ ವಾದ ಇಷ್ಟು: ಭೂಮಿಗೂ ಒಂದು ಎದೆಬಡಿತವಿದೆ, ಅದರ ಹೆಸರು ಶೂಮನ್ ಅನುರಣನ, ವೇಗ 7.83 ಹರ್ಟ್ಸ್, ಅಂದರೆ ಸೆಕೆಂಡಿಗೆ ಅಷ್ಟು ಸಲ. ಮನುಷ್ಯರ ಮಿದುಳುಗಳೆಲ್ಲ ಅದಕ್ಕೆ ಶ್ರುತಿಗೂಡಿವೆ. ಕೆಲವು ವರ್ಷಗಳಿಂದ ಆ ಬಡಿತ ಏರುತ್ತಿದೆ. ಮನಸ್ಸುಗಳೂ ಅದರೊಂದಿಗೆ ಏರಿವೆ, ಕಾಲದ ಹರಿವೂ ಏರಿದೆ. ಗಡಿಯಾರದಲ್ಲಿ 24 ಗಂಟೆ ಇದ್ದರೂ ನಮಗೆ ದಕ್ಕುವುದು 16 ಗಂಟೆ ಮಾತ್ರ.

ಇದು ಹೊಸ ಮಾತಲ್ಲ. ವರ್ಷಗಳಿಂದ ಬೇರೆ ಬೇರೆ ವೇಷದಲ್ಲಿ ಸುತ್ತುತ್ತಿದೆ, ಸೂರ್ಯನ ಮೇಲೊಂದು ಬಿರುಗಾಳಿ ಎದ್ದಾಗಲೆಲ್ಲ ಮತ್ತೆ ಜೀವ ಪಡೆಯುತ್ತದೆ. ಗೆಳತಿಗೆ "ಇದು ಸುಳ್ಳು" ಎಂದಷ್ಟೇ ಉತ್ತರ ಬರೆಯಲು ನನ್ನ ಕೈ ಬರಲಿಲ್ಲ. ಅವಳಿಗೆ ಆಗುತ್ತಿರುವ ಅನುಭವ ಸುಳ್ಳಲ್ಲ. ಅದಕ್ಕೆ ಕೊಟ್ಟ ಕಾರಣ ಮಾತ್ರ ಸುಳ್ಳು. ಈ ಎರಡನ್ನೂ ಬಿಡಿಸಿ ನೋಡಬೇಕಾದರೆ ಆ ಬಡಿತ ಏನೆಂಬಲ್ಲಿಂದಲೇ ಹೊರಡಬೇಕು.

ಸಿಡಿಲಿನ ಗಂಟೆ

ಶೂಮನ್ ಅನುರಣನ ನಿಜವಾಗಿಯೂ ಇದೆ, ಮತ್ತು ಅದು ಸುಂದರವಾದ ಸಂಗತಿ. ನೆಲ ವಿದ್ಯುತ್ತನ್ನು ಹರಿಯಬಿಡುತ್ತದೆ. ಹಲವು ಹತ್ತು ಕಿಲೋಮೀಟರ್ ಮೇಲಿನಿಂದ ಶುರುವಾಗುವ ಅಯಾನುಗೋಳ ಎಂಬ ವಾತಾವರಣದ ಮೇಲ್ಪದರವೂ ಹರಿಯಬಿಡುತ್ತದೆ. ಇವೆರಡರ ನಡುವಿನ ಗಾಳಿಯ ಪದರ ಭೂಮಿಯನ್ನು ಸುತ್ತಿದ ಟೊಳ್ಳಿನಂತಿದೆ. ಜಗತ್ತಿನ ಎಲ್ಲ ಮೋಡಗಳನ್ನೂ ಸೇರಿಸಿದರೆ ಸೆಕೆಂಡಿಗೆ ಸುಮಾರು 40ರಿಂದ 50 ಮಿಂಚುಗಳು ಹೊಡೆಯುತ್ತವೆ. ಒಂದೊಂದು ಮಿಂಚೂ ಈ ಟೊಳ್ಳಿನೊಳಗೆ ರೇಡಿಯೋ ಅಲೆಗಳನ್ನು ಎಬ್ಬಿಸುತ್ತದೆ. ಭೂಮಿಯ ಸುತ್ತಳತೆ ಸುಮಾರು 40,000 ಕಿಲೋಮೀಟರ್, ಅಲೆಯ ವೇಗ ಸೆಕೆಂಡಿಗೆ 3,00,000 ಕಿಲೋಮೀಟರ್. ಭಾಗಿಸಿದರೆ ಸೆಕೆಂಡಿಗೆ ಏಳೂವರೆ ಸುತ್ತು. ಒಂದು ಸುತ್ತು ಮುಗಿಸಿ ಬಂದ ಅಲೆ ತನ್ನ ಬಾಲವನ್ನೇ ಕೂಡಿಕೊಂಡು ಬಲಗೊಳ್ಳುವ ಕಂಪನಾಂಕ ಇದರ ಆಸುಪಾಸಿನಲ್ಲೇ ಇರಬೇಕು. ಅಳತೆಯಲ್ಲಿ ಸಿಗುವ 7.83 ಹರ್ಟ್ಸ್ ಅದೇ. ಮೇಲೆ 14, 20, 27 ಹರ್ಟ್ಸ್‌ಗಳ ಹತ್ತಿರ ಇದರ ಉಪಸ್ವರಗಳೂ ಇವೆ. ಜರ್ಮನಿಯ ಭೌತವಿಜ್ಞಾನಿ ವಿನ್‌ಫ್ರೀಡ್ ಓಟೋ ಶೂಮನ್ 1952ರಲ್ಲಿ ಇದನ್ನು ಲೆಕ್ಕದಿಂದ ಊಹಿಸಿದರು. 1960ರ ದಶಕದ ಆರಂಭದಲ್ಲಿ ಉಪಕರಣಗಳು ಅದನ್ನು ಕೇಳಿಸಿಕೊಂಡವು.

ಈ ಲೆಕ್ಕವನ್ನು ಒಮ್ಮೆ ಗ್ರಹಿಸಿದರೆ "ಬಡಿತ ಏರುತ್ತಿದೆ" ಎಂಬ ಮಾತಿನ ತೂಕ ತಿಳಿಯುತ್ತದೆ. 7.83 ಎಂಬ ಅಂಕಿ ಎರಡು ಸಂಗತಿಗಳ ಮೇಲೆ ನಿಂತಿದೆ: ಭೂಮಿ ಎಷ್ಟು ದೊಡ್ಡದು, ಬೆಳಕು ಎಷ್ಟು ವೇಗ. ಅದು 16ಕ್ಕೆ ಏರಬೇಕಾದರೆ ಭೂಮಿ ಅರ್ಧಕ್ಕೆ ಕುಗ್ಗಬೇಕು, ಇಲ್ಲವೇ ಬೆಳಕಿನ ವೇಗ ಇಮ್ಮಡಿಯಾಗಬೇಕು. ಎರಡೂ ಆಗಿಲ್ಲ. ಹಗಲು ರಾತ್ರಿಗೆ, ಋತುವಿಗೆ, ಸೂರ್ಯನ ಅಬ್ಬರಕ್ಕೆ ತಕ್ಕಂತೆ ಅಯಾನುಗೋಳದ ಎತ್ತರ ಮತ್ತು ಗುಣ ಬದಲಾಗುವುದರಿಂದ ಈ ಅಂಕಿ ದಶಮಾಂಶದ ಆಚೀಚೆ ಅಲುಗಾಡುತ್ತದೆ, ಅಷ್ಟೇ.

ಹಾಗಿದ್ದರೆ ವಿಡಿಯೋಗಳಲ್ಲಿ ತೋರಿಸುವ, ಬಿಳಿ ಬಣ್ಣ ಚೆಲ್ಲಿದಂಥ ಆ ನಕ್ಷೆಗಳು? ಬಹುಪಾಲು ಅವು ರಷ್ಯಾದ ಟಾಮ್ಸ್ಕ್ ವಿಶ್ವವಿದ್ಯಾಲಯದ ಕೇಂದ್ರವೊಂದು ಬಿಡುಗಡೆ ಮಾಡುವ ಚಿತ್ರಗಳು. ಅಡ್ಡಕ್ಕೆ ದಿನದ ವೇಳೆ, ಉದ್ದಕ್ಕೆ 0ಯಿಂದ 40 ಹರ್ಟ್ಸ್ ವರೆಗಿನ ಕಂಪನಾಂಕಗಳು. ಎಲ್ಲಿ ಸಂಕೇತ ಜೋರಾಗಿದೆಯೋ ಅಲ್ಲಿ ಬಣ್ಣ ಬೆಳ್ಳಗಾಗುತ್ತದೆ. ಹತ್ತಿರದಲ್ಲೆಲ್ಲೋ ಗುಡುಗು ಮಿಂಚು ಬಂದರೂ, ಉಪಕರಣಕ್ಕೆ ಬೇರೇನೋ ಗದ್ದಲ ತಾಗಿದರೂ ಕೆಳಗಿನಿಂದ ಮೇಲಿನವರೆಗೆ ಬಿಳಿ ಪಟ್ಟೆ ಬೀಳುತ್ತದೆ. ಅದನ್ನು ನೋಡಿ "ಬಡಿತ 40ಕ್ಕೆ ಜಿಗಿಯಿತು" ಎನ್ನುವವರು ಸದ್ದಿನ ಜೋರನ್ನೂ ಶ್ರುತಿಯನ್ನೂ ಒಂದೇ ಮಾಡಿಕೊಂಡಿದ್ದಾರೆ. ತಂಬೂರಿಯನ್ನು ಗಟ್ಟಿಯಾಗಿ ಮೀಟಿದರೆ ಷಡ್ಜ ಮೇಲೇರುವುದಿಲ್ಲ.

ಮಿದುಳಿನ ಜೊತೆ ನಂಟು ಬೆಳೆದದ್ದು

ಮಿಂಚಿಗೂ ಮನಸ್ಸಿಗೂ ಗಂಟು ಬಿದ್ದದ್ದು ಒಂದು ಅಂಕಿಯ ಹೋಲಿಕೆಯಿಂದ. ಮನುಷ್ಯನ ಮಿದುಳಿನ ವಿದ್ಯುತ್ ಅಲೆಗಳನ್ನು 1924ರಲ್ಲಿ ಮೊದಲು ದಾಖಲಿಸಿದವರು ಜರ್ಮನಿಯ ಹಾನ್ಸ್ ಬರ್ಗರ್. 1929ರಲ್ಲಿ ಅದನ್ನು ಪ್ರಕಟಿಸಿದರು. ಕಣ್ಣು ಮುಚ್ಚಿ ಸುಮ್ಮನೆ ಕುಳಿತಾಗ ಎದ್ದು ಕಾಣುವ 8ರಿಂದ 13 ಹರ್ಟ್ಸ್‌ನ ಲಯಕ್ಕೆ ಆಲ್ಫಾ ಎಂಬ ಹೆಸರು ಬಂದದ್ದು ಅವರಿಂದಲೇ.

ಬರ್ಗರ್ ಈ ದಾರಿ ಹಿಡಿದ ಕಾರಣವನ್ನು ಇಲ್ಲಿ ಹೇಳಲೇಬೇಕು. ಯುವಕನಾಗಿ ಸೈನ್ಯದಲ್ಲಿದ್ದಾಗ ಕುದುರೆಯಿಂದ ಬಿದ್ದು, ಫಿರಂಗಿ ಗಾಡಿಯ ಚಕ್ರದಡಿ ಸಿಗುವುದರಿಂದ ಕೂದಲೆಳೆಯಲ್ಲಿ ಪಾರಾದರು. ಅಂದು ಸಂಜೆಯೇ ತಂದೆಯಿಂದ ತಂತಿ ಬಂತು: ಕ್ಷೇಮವೇ? ದೂರದಲ್ಲಿದ್ದ ಅಕ್ಕನಿಗೆ ಅದೇ ದಿನ ತಮ್ಮನಿಗೇನೋ ಆಗಿದೆ ಎಂದು ಸಂಕಟವಾಗಿ, ತಂತಿ ಕಳಿಸುವಂತೆ ಅವಳೇ ತಂದೆಯನ್ನು ಒತ್ತಾಯಿಸಿದ್ದಳು. ಮನಸ್ಸಿನಿಂದ ಮನಸ್ಸಿಗೆ ಏನೋ ಹರಿಯುತ್ತದೆ ಎಂಬ ನಂಬಿಕೆಯಿಂದ ಬರ್ಗರ್ ಜೀವಮಾನವೆಲ್ಲ ಹುಡುಕಿದರು. ಹುಡುಕಿದ್ದು ಸಿಗಲಿಲ್ಲ, ಸಿಕ್ಕಿದ್ದು ಮಿದುಳಿನ ಅಲೆಗಳನ್ನು ದಾಖಲಿಸುವ ವಿಧಾನ, ಇಇಜಿ. ಮಿದುಳಿನ ವಿದ್ಯುತ್ ಅಲೆಗಳು ಒಬ್ಬರಿಂದ ಇನ್ನೊಬ್ಬರಿಗೆ ಸುದ್ದಿ ಒಯ್ಯಲಾರದಷ್ಟು ದುರ್ಬಲ ಎಂದು ಅವರೇ ಕಂಡುಕೊಂಡರು. ತನ್ನ ಆಸೆಗೆ ವಿರುದ್ಧವಾಗಿ ಬಂದ ಅಂಕಿಗಳನ್ನೂ ಜತನದಿಂದ ಬರೆದಿಟ್ಟುಕೊಂಡ ಮನುಷ್ಯ ಎಂದು ನನಗೆ ಅವರ ಮೇಲೆ ಗೌರವ.

ಶೂಮನ್ ಅಂಕಿ 7.83, ಆಲ್ಫಾ ಶುರುವಾಗುವುದು 8ರಿಂದ. ಕಾಗೆ ಕೂರುವುದಕ್ಕೂ ಕೊಂಬೆ ಮುರಿಯುವುದಕ್ಕೂ ಸರಿಹೋಯಿತು. ಮಿದುಳಿನ ಲಯ ಹುಟ್ಟುವುದು ಮಿದುಳಿನ ಒಳಭಾಗದ ಥಲಾಮಸ್ ಮತ್ತು ಮಿದುಳಿನ ಹೊರಪದರದ ನಡುವೆ ನಡೆಯುವ ನರಕೋಶಗಳ ಕೊಡುಕೊಳ್ಳುವಿಕೆಯಿಂದ. ಅದು ಚಿಕ್ಕ ಮಕ್ಕಳಲ್ಲಿ ನಿಧಾನವಾಗಿರುತ್ತದೆ, ವಯಸ್ಕರಲ್ಲಿ ಸುಮಾರು 10 ಹರ್ಟ್ಸ್‌ಗೆ ಬರುತ್ತದೆ, ಮುಪ್ಪಿನಲ್ಲಿ ಮತ್ತೆ ಕೊಂಚ ಇಳಿಯುತ್ತದೆ. ಎಲ್ಲರೂ ಒಂದೇ ಭೂಮಿಗೆ ಶ್ರುತಿಗೂಡಿದ್ದರೆ ಅಜ್ಜನಿಗೂ ಮೊಮ್ಮಗಳಿಗೂ ಲಯ ಬೇರೆ ಬೇರೆ ಇರುತ್ತಿರಲಿಲ್ಲ. ಬಲದ ವಿಷಯಕ್ಕೆ ಬಂದರೆ, ಶೂಮನ್ ಅಲೆಯ ಕಾಂತಕ್ಷೇತ್ರ ಸುಮಾರು ಒಂದು ಪಿಕೋಟೆಸ್ಲಾ. ದಿಕ್ಸೂಚಿಯ ಮುಳ್ಳನ್ನು ತಿರುಗಿಸುವ ಭೂಮಿಯ ಸ್ಥಿರ ಕಾಂತಕ್ಷೇತ್ರಕ್ಕಿಂತ ಇದು ಕೋಟಿಗಟ್ಟಲೆ ಪಟ್ಟು ಕಡಿಮೆ.

ಈ ವಾದದ ಪರವಾಗಿ ಹೇಳಬಹುದಾದ ಅತ್ಯಂತ ಗಟ್ಟಿ ಸಂಗತಿಯನ್ನೂ ಮುಂದಿಡುತ್ತೇನೆ. ಜರ್ಮನಿಯ ಆಂಡೆಕ್ಸ್‌ನಲ್ಲಿ ನೆಲದಡಿಯ ಕೋಣೆಗಳನ್ನು ಕಟ್ಟಿ, ಬಿಸಿಲು ಗಡಿಯಾರಗಳ ಸುಳಿವಿಲ್ಲದೆ ಜನರನ್ನು ವಾರಗಟ್ಟಲೆ ಇರಿಸಿ ನಿದ್ದೆ ಎಚ್ಚರಗಳ ಚಕ್ರವನ್ನು ಅಳೆದರು. ಅಲ್ಲಿ ರ್ಯೂಟ್ಗರ್ ವೆವರ್ ಎಂಬ ವಿಜ್ಞಾನಿ 10 ಹರ್ಟ್ಸ್‌ನ ಕೃತಕ ವಿದ್ಯುತ್ ಕ್ಷೇತ್ರದಿಂದ ಆ ಚಕ್ರ ಕೊಂಚ ಚಿಕ್ಕದಾಗುವುದನ್ನು ಕಂಡುದಾಗಿ ವರದಿ ಮಾಡಿದರು. ಆ ಕ್ಷೇತ್ರ ನಿಸರ್ಗದ ಶೂಮನ್ ಅಲೆಗಿಂತ ಸಾವಿರಕ್ಕೂ ಹೆಚ್ಚು ಪಟ್ಟು ಬಲವಾಗಿತ್ತು. ಮುಂದೆ ದೇಹದ ದಿನಚಕ್ರವನ್ನು ತಿದ್ದುವ ಮುಖ್ಯ ಹಿಡಿಕೆ ಬೆಳಕು ಎಂಬುದು ಖಚಿತವಾಯಿತು. ವೆವರ್ ಕಂಡದ್ದು ನಿಜವೆಂದೇ ಇಟ್ಟುಕೊಂಡರೂ ಅದು ದೇಹದ ಚಕ್ರದ ಮಾತು. ಕಾಲ ಓಡಿತು ಎಂದು ಅವರೂ ಹೇಳಿಲ್ಲ.

ಕಾಲದ ವೇಗವನ್ನು ಯಾವುದರಿಂದ ಅಳೆಯುವುದು?

ಇಡೀ ವಾದದ ಬುಡ ಸಡಿಲವಾಗಿರುವುದು ಇಲ್ಲಿ. ಬಂಡಿಯ ವೇಗವೆಂದರೆ ಗಂಟೆಗೆ ಇಷ್ಟು ಕಿಲೋಮೀಟರ್. ಕಾಲದ ವೇಗವೆಂದರೆ ಗಂಟೆಗೆ ಎಷ್ಟು ಗಂಟೆ? ಕಾಲವೇ ಓಡತೊಡಗಿತೆಂದರೆ ಗಡಿಯಾರದ ಮುಳ್ಳು, ಎದೆಬಡಿತ, ಕುದಿಯುವ ನೀರು, ಯೋಚನೆ ಎಲ್ಲವೂ ಒಟ್ಟಿಗೇ ಓಡುತ್ತವೆ. ಆಗ ಯಾರಿಗೂ ಏನೂ ಗೊತ್ತಾಗುವುದಿಲ್ಲ. ಗೊತ್ತಾಗುತ್ತಿದೆ ಎಂದರೆ ಯಾವುದೋ ಒಂದು ಓಡುತ್ತಿಲ್ಲ ಎಂದಾಯಿತು. ವಿಡಿಯೋ ಹೇಳುವಂತೆ ಮನಸ್ಸೂ ಕಾಲವೂ ಜೊತೆಯಾಗಿಯೇ ವೇಗ ಪಡೆದಿದ್ದರೆ ಗೆಳತಿಗೆ ದಿನ ಚಿಕ್ಕದೆನಿಸಲು ಕಾರಣವೇ ಇರುವುದಿಲ್ಲ! ಆ ವಾದ ಒಪ್ಪಿದರೆ ಅದು ವಿವರಿಸಲು ಹೊರಟ ಅನುಭವವೇ ಇಲ್ಲವಾಗುತ್ತದೆ.

ಕಾಲದ ನಡೆ ಎಂದೂ ಎಲ್ಲೂ ಬದಲಾಗದು ಎಂದು ನಾನು ಹೇಳುತ್ತಿಲ್ಲ. ಬದಲಾಗುತ್ತದೆ, ಅಳೆದೂ ನೋಡಿದ್ದಾರೆ. ಜಿಪಿಎಸ್ ಉಪಗ್ರಹಗಳಲ್ಲಿನ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಹೋಗುತ್ತವೆ. ತಿದ್ದದೆ ಬಿಟ್ಟರೆ ಫೋನಿನ ನಕ್ಷೆ ಒಂದೇ ದಿನದಲ್ಲಿ ಹತ್ತು ಕಿಲೋಮೀಟರ್‌ನಷ್ಟು ದಾರಿ ತಪ್ಪಿಸುತ್ತದೆ. 2010ರಲ್ಲಿ ಅಮೆರಿಕದ ಪ್ರಯೋಗಾಲಯವೊಂದು ಎರಡು ಪರಮಾಣು ಗಡಿಯಾರಗಳಲ್ಲಿ ಒಂದನ್ನು ಬರೀ 33 ಸೆಂಟಿಮೀಟರ್ ಮೇಲಿಟ್ಟು, ಮೇಲಿನದು ಕೊಂಚ ಬೇಗ ನಡೆಯುವುದನ್ನು ತೋರಿಸಿತು. ಇವೆಲ್ಲ ಗುರುತ್ವ ಮತ್ತು ಚಲನೆಯ ಪರಿಣಾಮ. ನೋಡುವ ಮನಸ್ಸು ಇದ್ದರೂ ಇಲ್ಲದಿದ್ದರೂ ಅಂಕಿ ಅದೇ.

ಭೂಮಿಯ ದಿನವೂ ಒಂದೇ ಉದ್ದವಿಲ್ಲ. ಚಂದ್ರನ ಸೆಳೆತದಿಂದ ಶತಮಾನಗಳ ಲೆಕ್ಕದಲ್ಲಿ ಅದು ಉದ್ದವಾಗುತ್ತಿದೆ. ಈಚಿನ ವರ್ಷಗಳಲ್ಲಿ ಮಾತ್ರ ಭೂಮಿ ಕೊಂಚ ಚುರುಕಾಗಿ ತಿರುಗಿ, 2024ರ ಜುಲೈ 5ರ ದಿನ 24 ಗಂಟೆಗೆ 1.66 ಮಿಲಿಸೆಕೆಂಡ್ ಕಡಿಮೆಯಿತ್ತು. ಇಂಥ ಸುದ್ದಿಗಳು ಬಂದಾಗ "ನೋಡಿ, ವಿಜ್ಞಾನಿಗಳೇ ಒಪ್ಪಿದರು" ಎಂಬ ವಿಡಿಯೋಗಳೂ ಬರುತ್ತವೆ. ಕಣ್ಣು ಮಿಟುಕಿಸಲು ಬೇಕಾದ ಹೊತ್ತಿನ ಐವತ್ತರಲ್ಲೊಂದು ಪಾಲೂ ಆಗದ ವ್ಯತ್ಯಾಸ ಅದು. 8 ಗಂಟೆ ಕಳೆದುಹೋಗಿದೆ ಎನ್ನುವವರು 1.66 ಮಿಲಿಸೆಕೆಂಡ್ ಎತ್ತಿ ತೋರಿಸಿದರೆ ಲೆಕ್ಕ ಕೂಡುವುದಿಲ್ಲ.

ಹೊತ್ತಿನ ಲೆಕ್ಕ

ಇನ್ನು ನಿಜವಾದ ಅನುಭವಕ್ಕೆ ಬರೋಣ. ನನಗೆ ಹೆಚ್ಚು ಮುಖ್ಯವಾದ ಭಾಗ ಇದೇ. ಕನ್ನಡದಲ್ಲಿ ನಮಗೆ ಅನುಕೂಲವಾದ ಎರಡು ಮಾತುಗಳಿವೆ: ಕಾಲ ಮತ್ತು ಹೊತ್ತು. ಪರಮಾಣು ಗಡಿಯಾರ ಅಳೆಯುವುದನ್ನು ಕಾಲ ಎಂದಿಟ್ಟುಕೊಳ್ಳೋಣ. "ಹೊತ್ತೇ ಹೋಗುತ್ತಿಲ್ಲ", "ಹೊತ್ತು ಹೋದದ್ದೇ ತಿಳಿಯಲಿಲ್ಲ" ಎನ್ನುವಾಗಿನ ಹೊತ್ತು ನಮ್ಮೊಳಗೆ ನಡೆಯುವ ಲೆಕ್ಕ. ಮನಸ್ಸಿಗೆ ನಂಟಿರುವುದು ಇದರ ಜೊತೆ, ಮತ್ತು ಆ ನಂಟು ಯಾವ ಕಟ್ಟುಕಥೆಗಿಂತಲೂ ಸೋಜಿಗದ್ದು.

ಮಿಶೆಲ್ ಸಿಫ್ರ್ ಎಂಬ ಫ್ರಾನ್ಸಿನ ಭೂವಿಜ್ಞಾನಿ 1962ರಲ್ಲಿ, 23ರ ಹರೆಯದಲ್ಲಿ, ಆಲ್ಪ್ಸ್ ಪರ್ವತದ ಹಿಮಗುಹೆಯೊಂದಕ್ಕೆ ಗಡಿಯಾರವಿಲ್ಲದೆ ಇಳಿದು ಎರಡು ತಿಂಗಳು ಒಬ್ಬರೇ ಉಳಿದರು. ಎದ್ದಾಗ, ಉಂಡಾಗ, ಮಲಗುವ ಮುನ್ನ ಮೇಲಿನವರಿಗೆ ಫೋನು ಮಾಡುತ್ತಿದ್ದರು. ಮೇಲಿನವರು ದಿನ ಗಂಟೆ ಹೇಳಬಾರದೆಂದು ಒಪ್ಪಂದ. ಸೆಕೆಂಡಿಗೊಂದರಂತೆ 1ರಿಂದ 120ರವರೆಗೆ ಎಣಿಸುವುದು ಒಂದು ಪರೀಕ್ಷೆಯಾಗಿತ್ತು. ಎರಡು ನಿಮಿಷದ ಈ ಎಣಿಕೆಗೆ ಅವರು ಒಮ್ಮೆ ಐದು ನಿಮಿಷ ತೆಗೆದುಕೊಂಡರು, ತಮಗೇ ತಿಳಿಯದೆ. ಪ್ರಯೋಗ ಮುಗಿಯಿತೆಂದು ಸೆಪ್ಟೆಂಬರ್ 14ರಂದು ಹೇಳಿದಾಗ ಅವರ ಲೆಕ್ಕದಲ್ಲಿ ಅಂದು ಆಗಸ್ಟ್ 20. ಸುಮಾರು ಇಪ್ಪತ್ತೈದು ದಿನಗಳು ಮನಸ್ಸಿನ ಪುಸ್ತಕದಲ್ಲಿ ದಾಖಲಾಗಿಯೇ ಇರಲಿಲ್ಲ. ಕತ್ತಲೆ, ಚಳಿ, ಒಂದೇ ಬಗೆಯ ದಿನಗಳು. ನೆನಪಿಗೆ ಗುರುತು ಹಾಕಿಕೊಳ್ಳಲು ಏನೂ ಇರಲಿಲ್ಲ.

ಅಮೆರಿಕದ ಶರೀರವಿಜ್ಞಾನಿ ಹಡ್ಸನ್ ಹೋಗ್ಲಂಡ್ ಕಂಡದ್ದು ಇದಕ್ಕೆ ತಿರುಗುಮುರುಗು. ಹೆಂಡತಿ ಫ್ಲೂ ಜ್ವರದಿಂದ ಮಲಗಿದ್ದರು. ಹೋಗ್ಲಂಡ್ ಔಷಧಿ ತರಲು ಹೋಗಿ ಇಪ್ಪತ್ತು ನಿಮಿಷದಲ್ಲಿ ಮರಳಿದರೂ "ಇಷ್ಟು ಹೊತ್ತು ಎಲ್ಲಿ ಹೋಗಿದ್ದಿರಿ" ಎಂಬ ದೂರು. ಅವರು ಆಕೆಯಿಂದ ಸೆಕೆಂಡುಗಳನ್ನು ಅಂದಾಜಿನಲ್ಲಿ ಎಣಿಸಿಸಿ, ಪ್ರತಿ ಸಲವೂ ಜ್ವರ ನೋಡಿದರು. ಮೈ ಬಿಸಿಯಾದಷ್ಟೂ ಎಣಿಕೆ ಚುರುಕು. ಒಳಗಿನ ಎಣಿಕೆ ಬೇಗ ನಡೆದರೆ ಹೊರಗಿನ ಇಪ್ಪತ್ತು ನಿಮಿಷ ಮುಗಿಯುವುದೇ ಇಲ್ಲ ಅನ್ನಿಸುತ್ತದೆ. 1933ರಲ್ಲಿ ಪ್ರಕಟವಾದ ಈ ಕೆಲಸವನ್ನು ವಿಡಿಯೋದ ಪಕ್ಕ ಇಟ್ಟು ನೋಡಿ. ಮನಸ್ಸಿನ ಬಡಿತ ನಿಜಕ್ಕೂ ಏರಿದ್ದರೆ ದಿನ ಉದ್ದವೆನಿಸಬೇಕಿತ್ತು. ವಿಡಿಯೋ ಹೇಳುವುದು ಚಿಕ್ಕದಾಯಿತೆಂದು. ದಿಕ್ಕೇ ತಪ್ಪಿದೆ.

ಅಪಾಯದ ಗಳಿಗೆಯಲ್ಲಿ ಎಲ್ಲ ನಿಧಾನವಾಗಿ ನಡೆದಂತೆ ಕಾಣುತ್ತದಲ್ಲ, ಆಗ ಮನಸ್ಸು ಕಾಲವನ್ನು ಹಿಗ್ಗಿಸುತ್ತದೆಯೇ? ಅಪಘಾತದಿಂದ ಪಾರಾದ ಬಹಳ ಮಂದಿ ಹಾಗೆ ಹೇಳುತ್ತಾರೆ. ನರವಿಜ್ಞಾನಿ ಡೇವಿಡ್ ಈಗಲ್‌ಮನ್ ಮತ್ತು ಸಂಗಡಿಗರು ಜನರನ್ನು 31 ಮೀಟರ್ ಎತ್ತರದಿಂದ ಬೆನ್ನು ಕೆಳಗಾಗಿ ಬಲೆಯೊಳಕ್ಕೆ ಬೀಳಿಸಿ ಇದನ್ನು ಪರೀಕ್ಷಿಸಿ 2007ರಲ್ಲಿ ಪ್ರಕಟಿಸಿದರು. ಮುಂಗೈಗೆ ಕಟ್ಟಿದ ಸಾಧನದಲ್ಲಿ ಅಂಕಿಗಳು ಓದಲಾಗದಷ್ಟು ಬೇಗ ಮಿನುಗುತ್ತಿದ್ದವು. ಕಾಲ ನಿಜಕ್ಕೂ ಹಿಗ್ಗಿದ್ದರೆ ಬೀಳುವಾಗ ಅವನ್ನು ಓದಲಾಗಬೇಕು. ಬಿದ್ದವರು ತಮ್ಮ ಬೀಳುವಿಕೆ ಇತರರದಕ್ಕಿಂತ ಶೇ. 36ರಷ್ಟು ಹೆಚ್ಚು ಹೊತ್ತು ನಡೆಯಿತೆಂದು ಅಂದಾಜಿಸಿದರು. ಅಂಕಿಗಳನ್ನು ಮಾತ್ರ ಯಾರೂ ಹೆಚ್ಚು ಚೆನ್ನಾಗಿ ಓದಲಿಲ್ಲ. ಭಯ ನೆನಪನ್ನು ದಟ್ಟವಾಗಿ ಬರೆಸುತ್ತದೆ. ಆಮೇಲೆ ಓದುವಾಗ ಪುಟಗಳು ಜಾಸ್ತಿ ಕಾಣುತ್ತವೆ, ಹಾಗಾಗಿ ಹೊತ್ತೂ ಜಾಸ್ತಿ ಕಾಣುತ್ತದೆ.

ಅಂದರೆ ನಮ್ಮಲ್ಲಿ ಎರಡು ಲೆಕ್ಕಗಳಿವೆ. ಹೊತ್ತು ಹೋಗುತ್ತಿರುವಾಗಿನದು ಒಂದು: ಅದರ ಕಡೆ ಗಮನ ಕೊಟ್ಟಷ್ಟೂ ಅದು ಎಳೆಯುತ್ತದೆ, ಕೆಲಸದಲ್ಲಿ ಮುಳುಗಿದರೆ ಹಾರುತ್ತದೆ. ತಿರುಗಿ ನೋಡುವಾಗಿನದು ಇನ್ನೊಂದು: ನೆನಪಿನ ಗುರುತುಗಳು ಎಷ್ಟು ಉಳಿದಿವೆಯೋ ಅಷ್ಟು ಉದ್ದ. ಇವು ಒಂದಕ್ಕೊಂದು ವಿರುದ್ಧವಾಗಿಯೂ ನಡೆಯಬಲ್ಲವು. ಹೊಸ ಜಾಗದಲ್ಲಿ ಕಳೆದ ವಾರ ಆಗ ಹಾರಿಹೋಗಿ, ಆಮೇಲೆ ತಿಂಗಳಷ್ಟು ದೊಡ್ಡದಾಗಿ ಕಾಣುತ್ತದೆ. ಕಾಯಿಲೆಯವರ ಹಾಸಿಗೆ ಪಕ್ಕದ ರಾತ್ರಿ ಒಂದೊಂದೂ ಯುಗ. ಅಂಥ ಮೂವತ್ತು ರಾತ್ರಿಗಳನ್ನು ಹಿಂತಿರುಗಿ ನೋಡಿದರೆ ಎಲ್ಲ ಸೇರಿ ಒಂದೇ ರಾತ್ರಿ. ನನ್ನ ಗೆಳತಿಗೆ ಆಗಿರುವುದು ಈ ಎರಡನೆಯದೇ ಎಂದು ನನ್ನ ಊಹೆ. ದಿನವಿಡೀ ಗಮನ ತುಂಡುತುಂಡು, ಒಂದು ದಿನಕ್ಕೂ ಇನ್ನೊಂದಕ್ಕೂ ಗುರುತಿನ ವ್ಯತ್ಯಾಸವಿಲ್ಲ. ಸಿಫ್ರ್ ಅವರ ಗುಹೆಗೆ ಅವಳ ಮನೆ ಅಷ್ಟೇನೂ ದೂರವಿಲ್ಲ.

ವಯಸ್ಸಾದಂತೆ ವರ್ಷಗಳು ಓಡುತ್ತವೆ ಎಂಬ ಮಾತೂ ಅಂದುಕೊಂಡಷ್ಟು ಸರಳವಿಲ್ಲ. ಸಂಶೋಧಕರಾದ ಮಾರ್ಕ್ ವಿಟ್‌ಮನ್ ಮತ್ತು ಸಾಂಡ್ರಾ ಲೆನ್‌ಹೋಫ್ 14ರಿಂದ 94 ವಯಸ್ಸಿನ 499 ಮಂದಿಯನ್ನು ಕೇಳಿದಾಗ, ಎಲ್ಲ ವಯಸ್ಸಿನವರೂ ಹೊತ್ತು ಬೇಗ ಹೋಗುತ್ತಿದೆ ಎಂದೇ ಹೇಳಿದರು. ವಯಸ್ಸಿನ ಪ್ರಭಾವ ಸ್ವಲ್ಪವಾದರೂ ಕಂಡದ್ದು ಕಳೆದ ಹತ್ತು ವರ್ಷಗಳ ಬಗ್ಗೆ ಕೇಳಿದಾಗ. ಆ ಅಧ್ಯಯನ ಪ್ರಕಟವಾದದ್ದು 2005ರಲ್ಲಿ, ಕೈಗೆ ಸ್ಮಾರ್ಟ್‌ಫೋನ್ ಬರುವ ಮೊದಲು.

ಶೂಮನ್ ವಾದವನ್ನು ಅನುಭವದ ನೆಲೆಯಲ್ಲೇ ಕೆಡವುವ ಸಾಕ್ಷ್ಯ 2020ರದು. ಲಾಕ್‌ಡೌನ್ ಆಗಿದ್ದ ಏಪ್ರಿಲ್‌ನಲ್ಲಿ ಮನೋವಿಜ್ಞಾನಿ ರೂತ್ ಓಗ್ಡೆನ್ ಬ್ರಿಟನ್ನಿನ 604 ಮಂದಿಯನ್ನು ಸಮೀಕ್ಷೆ ಮಾಡಿದರು. ಶೇ. 80ಕ್ಕೂ ಹೆಚ್ಚು ಜನರಿಗೆ ಹೊತ್ತಿನ ನಡೆ ಬದಲಾಗಿತ್ತು. ಆದರೆ ಕೆಲವರಿಗೆ ವೇಗ, ಕೆಲವರಿಗೆ ನಿಧಾನ. ಒತ್ತಡ ಹೆಚ್ಚಿದ್ದವರಿಗೆ, ಮಾಡಲು ಕೆಲಸ ಕಡಿಮೆಯಿದ್ದವರಿಗೆ, ವಯಸ್ಸಾದವರಿಗೆ, ಜನರ ಒಡನಾಟದಲ್ಲಿ ತೃಪ್ತಿ ಸಿಗದವರಿಗೆ ನಿಧಾನ. ಒಂದೇ ದೇಶ, ಒಂದೇ ತಿಂಗಳು, ತಲೆಯ ಮೇಲೆ ಒಂದೇ ಅಯಾನುಗೋಳ. ಭೂಮಿಯ ಬಡಿತವೇ ಕಾರಣವಾಗಿದ್ದರೆ ಎಲ್ಲರೂ ಒಂದೇ ದಿಕ್ಕಿಗೆ ವಾಲಬೇಕಿತ್ತು.

ಮನಸ್ಸು ಕಾಲದ ಒಡೆಯನೇ?

ಇಷ್ಟೆಲ್ಲ ಆದಮೇಲೂ ಒಂದು ಘನವಾದ ಪ್ರಶ್ನೆ ಉಳಿಯುತ್ತದೆ, ಅದನ್ನು ವಿಡಿಯೋಗಳ ಜೊತೆ ಕಸಕ್ಕೆ ಹಾಕಬಾರದು. ಕಾಲ "ಹರಿಯುತ್ತದೆ" ಎಂಬುದೇ ಮನಸ್ಸಿನ ಕಟ್ಟಡವಿರಬಹುದೇ? ಪತಂಜಲಿಯ ಯೋಗಸೂತ್ರಗಳಿಗೆ ಬರೆದ ವ್ಯಾಸಭಾಷ್ಯ ಹೌದೆನ್ನುತ್ತದೆ. ಎರಡು ಕ್ಷಣಗಳು ಎಂದೂ ಒಟ್ಟಿಗಿರಲಾರವು, ಹಾಗಾಗಿ ಮುಹೂರ್ತ, ಹಗಲು, ರಾತ್ರಿ ಎಂದು ನಾವು ಕೂಡಿಸಿಕೊಳ್ಳುವ ರಾಶಿ ಹೊರಗೆ ಎಲ್ಲೂ ಇಲ್ಲ. ಅದು ವಸ್ತುಶೂನ್ಯ, ಬುದ್ಧಿನಿರ್ಮಾಣ. ಇದಕ್ಕೆದುರಾಗಿ ವೈಶೇಷಿಕರು ಕಾಲವನ್ನು ಒಂಬತ್ತು ದ್ರವ್ಯಗಳಲ್ಲಿ ಒಂದೆಂದು, ಯಾರ ಬುದ್ಧಿಯನ್ನೂ ಕಾಯದೆ ಇರುವಂಥದ್ದೆಂದು ವಾದಿಸಿದರು. 1922ರ ಏಪ್ರಿಲ್ 6ರಂದು ಪ್ಯಾರಿಸ್ಸಿನಲ್ಲಿ ಐನ್‌ಸ್ಟೈನ್ ಮತ್ತು ಫ್ರೆಂಚ್ ದಾರ್ಶನಿಕ ಬರ್ಗ್‌ಸನ್ ಎದುರುಬದುರಾದಾಗ ಜಗಳ ಇದರ ಸುತ್ತಲೇ. ಭೌತವಿಜ್ಞಾನಿಯ ಕಾಲವಿದೆ, ಮನಸ್ಸಿನ ಕಾಲವಿದೆ, ದಾರ್ಶನಿಕರ ಕಾಲ ಎಂಬ ಮೂರನೆಯದಿಲ್ಲ ಎಂದರು ಐನ್‌ಸ್ಟೈನ್. ಬದುಕಿದ ಅವಧಿಯನ್ನು ಗಡಿಯಾರಕ್ಕೆ ಇಳಿಸಲಾಗದು ಎಂದು ಬರ್ಗ್‌ಸನ್ ಪಟ್ಟು ಹಿಡಿದರು. ಈ ಚರ್ಚೆ ಮುಗಿದಿಲ್ಲ. ಆದರೆ ಹರಿವು ಬುದ್ಧಿನಿರ್ಮಾಣ ಎಂದವರು ಯಾರೂ ಬುದ್ಧಿ ಗಡಿಯಾರವನ್ನು ಓಡಿಸುತ್ತದೆ ಎಂದಿಲ್ಲ. ಮೊದಲನೆಯದು ದರ್ಶನ, ಎರಡನೆಯದು ಅಳತೆಗೆ ಸಿಗುವ ಹೇಳಿಕೆ. ಅಳತೆಗೆ ಸಿಗುವುದನ್ನು ಅಳೆಯಬೇಕು.

ಅಂಥದ್ದನ್ನು ಅಳೆದೂ ನೋಡಿದ್ದಾರೆ. ಮನಸ್ಸಿಗೆ ಮುಂದಾಗುವುದರ ಸುಳಿವು ಸಿಗುತ್ತದೆ ಎಂದು ಅಮೆರಿಕದ ಮನೋವಿಜ್ಞಾನಿ ಡ್ಯಾರಿಲ್ ಬೆಮ್ 2011ರಲ್ಲಿ 9 ಪ್ರಯೋಗಗಳ, ಸಾವಿರಕ್ಕೂ ಹೆಚ್ಚು ಜನರ ಫಲಿತಾಂಶವನ್ನು ಗೌರವಾನ್ವಿತ ಪತ್ರಿಕೆಯೊಂದರಲ್ಲೇ ಪ್ರಕಟಿಸಿದರು. ಅದೇ ಕ್ರಮ ಹಿಡಿದು ಬೇರೆ ತಂಡಗಳು ಮರುಪ್ರಯೋಗ ಮಾಡಿದಾಗ ಆ ಪರಿಣಾಮ ಸಿಗಲಿಲ್ಲ. ಇಂಥ ಫಲಿತಾಂಶ ಎಲ್ಲ ನಿಯಮಗಳನ್ನೂ ಪಾಲಿಸಿಯೇ ಹೇಗೆ ಹುಟ್ಟಿತು ಎಂದು ಮನೋವಿಜ್ಞಾನ ತನ್ನ ವಿಧಾನಗಳನ್ನೇ ಪ್ರಶ್ನಿಸಿಕೊಳ್ಳಲು ಅದೂ ಒಂದು ಕಾರಣವಾಯಿತು.

ನನ್ನನ್ನು ಕಾಡುವುದು ಈ ನಂಬಿಕೆಯಿಂದಾಗುವ ನಷ್ಟ. 7.83 ಹರ್ಟ್ಸ್ ಹೊಮ್ಮಿಸಿ ನಿದ್ದೆ ತರಿಸುತ್ತೇವೆ ಎನ್ನುವ ಯಂತ್ರಗಳ ಮಾರಾಟ ನಡೆದಿದೆ. ಅದಕ್ಕಿಂತ ದೊಡ್ಡ ನಷ್ಟ ಕೈಯಿಂದ ಜಾರುವ ಸುಳಿವಿನದು. ಹೊತ್ತಿನ ನಡೆ ಕೆಟ್ಟಿದ್ದರೆ ಅದು ಏನನ್ನೋ ಹೇಳುತ್ತಿರುತ್ತದೆ: ನಿದ್ದೆ ಸಾಲುತ್ತಿಲ್ಲ, ಆತಂಕ ಏರಿದೆ, ಜ್ವರ ಬಂದಿದೆ. ಖಿನ್ನತೆಯಲ್ಲಿರುವ ಬಹಳ ಮಂದಿಗೆ ಹೊತ್ತು ಅಂಟಿಕೊಂಡು ನಿಂತಂತಾಗುತ್ತದೆ, ವೈದ್ಯರ ಮುಂದೆ ಅದು ಹೇಳಲೇಬೇಕಾದ ಲಕ್ಷಣ. ಕಾರಣ ಅಯಾನುಗೋಳದಲ್ಲಿದೆ ಎಂದು ನಂಬಿದವರು ಅದನ್ನು ಹೇಳುವುದೇ ಇಲ್ಲ.

ಗೆಳತಿಗೆ ನಾನು ಕೊನೆಗೆ ಬರೆದದ್ದು ಒಂದು ಸಣ್ಣ ಪರೀಕ್ಷೆ. ದಿನಕ್ಕೆ ಎರಡು ಸಲ ಕಣ್ಣು ಮುಚ್ಚಿ ಮನಸ್ಸಿನಲ್ಲೇ 60 ಸೆಕೆಂಡ್ ಎಣಿಸು, ಫೋನಿನ ಗಡಿಯಾರ ಎಷ್ಟು ತೋರಿಸಿತೋ ಬರೆದಿಡು. ಪಕ್ಕದಲ್ಲಿ ಹಿಂದಿನ ರಾತ್ರಿ ಎಷ್ಟು ನಿದ್ದೆ ಆಯಿತು, ಆ ದಿನ ಹೊಸದಾಗಿ ಏನು ನಡೆಯಿತು ಎಂದೂ ಬರೆ. ನಾನೂ ನನ್ನ ಮನೆಯಲ್ಲಿ ಬರೆಯುತ್ತೇನೆ. ಭೂಮಿಯ ಬಡಿತವೇ ನಮ್ಮ ಹೊತ್ತನ್ನು ನಡೆಸುತ್ತಿದ್ದರೆ ನಿನ್ನ ಅಂಕಿಗಳೂ ನನ್ನ ಅಂಕಿಗಳೂ ಒಂದೇ ದಿನ ಏರಿ ಒಂದೇ ದಿನ ಇಳಿಯಬೇಕು. ಎರಡು ವಾರವಾಯಿತು. ಅವಳ ಪಟ್ಟಿಯಲ್ಲಿ ಅಂಕಿಗಳು ಏರುಪೇರಾಗಿರುವುದು ತಾಯಿಗೆ ಜೋರಾಗಿ ಉಬ್ಬಸ ಬಂದ ರಾತ್ರಿಗಳ ಮರುದಿನ. ನನ್ನ ಪಟ್ಟಿಯಲ್ಲಿ ಆ ದಿನಗಳಂದು ವಿಶೇಷವೇನೂ ಇಲ್ಲ. ಇಬ್ಬರ ಎರಡು ವಾರದಿಂದ ಏನೂ ಸಾಬೀತಾಗುವುದಿಲ್ಲ, ನಿಜ. ಆದರೆ ಈ ವಾರ ಎರಡು ರಾತ್ರಿ ನಾನು ಅವಳ ತಾಯಿಯ ಬಳಿ ಮಲಗುತ್ತೇನೆಂದು ಮಾತಾಗಿದೆ.